ಏರ್ ಫ್ರೈಯರ್‌ನಲ್ಲಿ ಚಿಕನ್ ನಗೆಟ್ಸ್ ಗರಿಗರಿ ಆಗುತ್ತಲೇ ಇಲ್ಲ, ಎಲ್ಲಿ ತಪ್ಪುತ್ತಿದ್ದೇನೆ?

ಹಸಿದ ಅಪ್ಪ

ಎಲ್ಲರಿಗೂ ನಮಸ್ಕಾರ. ಏರ್ ಫ್ರೈಯರ್ ತೆಗೆದುಕೊಂಡು ಮೂರು ತಿಂಗಳಾಯಿತು. ಮೊದಮೊದಲು ನಗೆಟ್ಸ್ ಚೆನ್ನಾಗಿಯೇ ಬರುತ್ತಿತ್ತು, ಕಚ್ಚಿದರೆ ಪಕ್ಕದ ಕೋಣೆಗೆ ಕೇಳಬೇಕು, ಹಾಗೆ. ಎರಡು ವಾರದಿಂದ ಏನಾಗಿದೆಯೋ ಗೊತ್ತಿಲ್ಲ. ಅದೇ ಪ್ಯಾಕೆಟ್ಟು, ಅದೇ 200 ಡಿಗ್ರಿ, ಅದೇ 10 ನಿಮಿಷ. ತೆಗೆದು ಮುಟ್ಟಿದರೆ ನೆನೆದ ಬ್ರೆಡ್ಡಿನ ಹಾಗೆ ಮೆತ್ತಗೆ. ಬಣ್ಣವೂ ಬರುವುದಿಲ್ಲ. ನಿನ್ನೆ 15 ನಿಮಿಷ ಇಟ್ಟೆ. ಆದರೂ ಒಳಗೆ ಉಗುರುಬೆಚ್ಚಗೆ ಅಷ್ಟೇ.

ಆರು ವರ್ಷದ ಮಗಳು ಒಂದನ್ನು ಕಚ್ಚಿ ತಟ್ಟೆಗೆ ವಾಪಸ್ ಇಟ್ಟು, "ಅಪ್ಪಾ, ಇದು ಇನ್ನೂ ನಿದ್ದೆ ಮಾಡ್ತಿದೆ" ಅಂದಳು. ಯಂತ್ರ ಕೆಟ್ಟಿದೆಯೋ, ನನ್ನ ಕೈಗುಣ ಕೆಟ್ಟಿದೆಯೋ, ಯಾರಾದರೂ ಹೇಳಿ.

ಗಾಳಿಗೆ ಬಿದ್ದವಳು

ನನ್ನ ಮೊದಲ ಅನುಮಾನ ಬುಟ್ಟಿಯ ಮೇಲೆ. ಒಂದು ಸಲಕ್ಕೆ ಎಷ್ಟು ಹಾಕುತ್ತೀರಿ? ನಾನು ಶುರುವಿನಲ್ಲಿ ಪ್ಯಾಕೆಟ್ ಪೂರ್ತಿ ಸುರಿಯುತ್ತಿದ್ದೆ. ಮೇಲಿನವು ಸ್ವಲ್ಪ ಗರಿಗರಿ, ಅಡಿಯವು ಹಬೆಯಲ್ಲಿ ಬೆಂದ ಹಾಗೆ. ಒಂದರ ಮೇಲೊಂದು ಬೀಳಬಾರದು. ಒಂದೇ ಸಾಲು, ನಡುವೆ ಬೆರಳು ಹೋಗುವಷ್ಟಾದರೂ ಜಾಗ ಇರಬೇಕು. ಅರ್ಧ ಹೊತ್ತಿಗೆ ಒಮ್ಮೆ ತಿರುಗಿಸಿ ಹಾಕಿ. ಬುಟ್ಟಿ ಹಿಡಿದು ಅಲ್ಲಾಡಿಸಿದರೂ ನಡೆಯುತ್ತದೆ, ಆದರೆ ಚಪ್ಪಟೆ ನಗೆಟ್ಸ್ ಅಲ್ಲಾಡಿಸಿದರೆ ಜಾರುತ್ತವೆ ಅಷ್ಟೇ, ಮಗುಚುವುದಿಲ್ಲ. ಇಕ್ಕಳ ಹಿಡಿಯುವುದೇ ವಾಸಿ.

ಇನ್ನೊಂದು, ಕರಗಿಸಿ ಹಾಕುತ್ತಿಲ್ಲ ತಾನೇ? ಫ್ರೀಜರಿನಿಂದ ನೇರ ಬುಟ್ಟಿಗೆ ಹೋಗಬೇಕು. ಹೊರಗೆ ಇಟ್ಟರೆ ಮಂಜು ಕರಗಿ ಆ ನೀರನ್ನೆಲ್ಲ ಮೇಲಿನ ಬ್ರೆಡ್ ಪುಡಿ ಕುಡಿದುಬಿಡುತ್ತದೆ.

ಬಾಣಲೆ ಬಿಡದವನು

ಎಣ್ಣೆ ಕಾಯಿಸಿ, ಬಿಡಿ, ಕೆಂಪಗಾದ ಮೇಲೆ ತೆಗೆಯಿರಿ. ಮುಗಿಯಿತು. ಇಷ್ಟಕ್ಕೆ ಅಷ್ಟು ದೊಡ್ಡ ಡಬ್ಬ ಯಾಕೆ? ಗಾಳಿಯಲ್ಲಿ ಕರಿಯುವುದು ಅಂದರೆ ನೀರಿಲ್ಲದ ಕೆರೆಯಲ್ಲಿ ಈಜು ಕಲಿತ ಹಾಗೆ.

ಗಾಳಿಗೆ ಬಿದ್ದವಳು

ಬಂದರಪ್ಪ. ಏರ್ ಫ್ರೈಯರ್ ಎಂಬ ಪದ ಕಂಡಲ್ಲೆಲ್ಲ ಬಾಣಲೆ ಹಿಡಿದು ಬರುತ್ತಾರೆ.

ಹಳೆ ಮೇಷ್ಟ್ರು

ಬಾಣಲೆಯವರ ಮಾತಿನಲ್ಲಿ ಅರ್ಧ ಸತ್ಯ ಇದೆ. ಹೆಸರಿನಲ್ಲಿ ಫ್ರೈ ಇದ್ದರೂ ಇದು ಕರಿಯುವುದಲ್ಲ. ಏರ್ ಫ್ರೈಯರ್ ಅಂದರೆ ಪುಟ್ಟ ಓವನ್. ಮೇಲೆ ಕಾಯುವ ಸುರುಳಿ, ಅದರ ಮೇಲೊಂದು ಜೋರಾಗಿ ತಿರುಗುವ ಫ್ಯಾನು. ಜಾಗ ಚಿಕ್ಕದು, ಗಾಳಿ ರಭಸ, ಹಾಗಾಗಿ ಬೇಗ ಒಣಗುತ್ತದೆ. ಈ ಹೆಸರಿನಲ್ಲಿ ಫಿಲಿಪ್ಸ್‌ನವರು ಇದನ್ನು ಬರ್ಲಿನ್‌ನ ಮೇಳದಲ್ಲಿ ತೋರಿಸಿದ್ದು 2010ರಲ್ಲಿ. ಫ್ಯಾನಿರುವ ಓವನ್ ಅದಕ್ಕೂ ಎಷ್ಟೋ ಹಳೆಯದು.

ಗಾಳಿಗೂ ಎಣ್ಣೆಗೂ ಇರುವ ವ್ಯತ್ಯಾಸ ತಿಳಿಯಲು ಒಂದೇ ಉದಾಹರಣೆ ಸಾಕು. 200 ಡಿಗ್ರಿ ಓವನ್ನಿನ ಗಾಳಿಯೊಳಗೆ ಒಂದು ಕ್ಷಣ ಕೈ ಹೋದರೆ ಬಿಸಿ ತಾಗುತ್ತದೆ, ಅಷ್ಟೇ. 180 ಡಿಗ್ರಿ ಎಣ್ಣೆಯ ಒಂದು ಹನಿ ಸಿಡಿದರೂ ಬೊಕ್ಕೆ ಏಳುತ್ತದೆ. ಗಾಳಿ ಹೊತ್ತು ತರುವ ಶಾಖ ಅಷ್ಟು ಕಡಿಮೆ. ಅದಕ್ಕೇ ಎಣ್ಣೆ ಕ್ಷಮಿಸುವ ಸಣ್ಣಪುಟ್ಟ ತಪ್ಪುಗಳನ್ನು ಗಾಳಿ ಕ್ಷಮಿಸುವುದಿಲ್ಲ.

ಗರಿಗರಿ ಅಂದರೆ ಏನು? ಮೇಲಿನ ಪದರದಲ್ಲಿ ನೀರಿಲ್ಲ ಅಂತ ಅರ್ಥ. ನೀರು ಇರುವ ತನಕ ಆ ಪದರ 100 ಡಿಗ್ರಿಯ ಆಸುಪಾಸಿನಲ್ಲೇ ನಿಂತಿರುತ್ತದೆ. ಕಂದು ಬಣ್ಣ, ಹುರಿದ ಘಮ ಬರಬೇಕಾದರೆ ಸುಮಾರು 140 ಡಿಗ್ರಿ ದಾಟಬೇಕು. ಬುಟ್ಟಿ ತುಂಬಿಸಿದಿರೋ, ಒಂದರ ಹಬೆ ಇನ್ನೊಂದಕ್ಕೆ. ನೀರು ಹೋಗುವುದೇ ಇಲ್ಲ. ನಿಮಗೆ ಬಣ್ಣವೂ ಬರುತ್ತಿಲ್ಲ ಅಂದಿರಿ. ಅಂದರೆ ನಿಮ್ಮ ನಗೆಟ್ಸ್ ಆ 100ರ ಮೆಟ್ಟಿಲನ್ನೇ ಹತ್ತಿಲ್ಲ.

ಉಪ್ಪು ಖಾರ

ಗರಿಗರಿ ವಿಷಯ ಆಮೇಲೆ ನೋಡೋಣ. "ಒಳಗೆ ಉಗುರುಬೆಚ್ಚಗೆ" ಅಂದದ್ದು ಓದಿ ನನಗೆ ಭಯವಾಯಿತು.

ಮೊದಲು ಪ್ಯಾಕೆಟ್ ತಿರುಗಿಸಿ ಓದಿ. ನಗೆಟ್ಸ್‌ನಲ್ಲಿ ಎರಡು ಜಾತಿ. ಒಂದು ಪೂರ್ತಿ ಬೇಯಿಸಿ ಹೆಪ್ಪುಗಟ್ಟಿಸಿದ್ದು, ನಾವು ಬಿಸಿ ಮಾಡಿ ಗರಿಗರಿ ಮಾಡಿಕೊಂಡರೆ ಆಯಿತು. ಇನ್ನೊಂದರಲ್ಲಿ ಮೇಲಿನ ಕೋಟಿಂಗ್ ಮಾತ್ರ ಒಂದಿಷ್ಟು ಹೊತ್ತು ಎಣ್ಣೆಯಲ್ಲಿ ಕರಿದಿರುತ್ತಾರೆ, ಒಳಗಿನ ಚಿಕನ್ ಹಸಿ. ನೋಡಲು ಎರಡೂ ಒಂದೇ, ಹೊಂಬಣ್ಣ. ಹಸಿಯದ್ದಾಗಿದ್ದರೆ ನಡುಭಾಗ 74 ಡಿಗ್ರಿ ಮುಟ್ಟಲೇಬೇಕು. ಸಾಲ್ಮೊನೆಲ್ಲಾ ತರಹದ ಸೂಕ್ಷ್ಮಾಣುಗಳು ಸಾಯಲು ಅಷ್ಟು ಬೇಕು. ಹೊರಗಿನ ಬಣ್ಣ ನೋಡಿ ಬೆಂದಿದೆ ಅಂತ ತೀರ್ಮಾನಿಸುವ ಹಾಗಿಲ್ಲ. ಕತ್ತರಿಸಿ ಬೆಳ್ಳಗಿದೆಯಾ ಅಂತ ನೋಡಿದರೂ ಖಾತ್ರಿ ಇಲ್ಲ. ಚೂಪು ಮೂತಿಯ ಥರ್ಮಾಮೀಟರ್ ಒಂದು ಇಟ್ಟುಕೊಳ್ಳಿ, ಅತಿ ದಪ್ಪ ತುಂಡಿಗೆ ಪಕ್ಕದಿಂದ ಚುಚ್ಚಿ ನೋಡಿ.

ಮಗು ಉಗುಳಿದ್ದು ಒಳ್ಳೆಯದೇ ಆಯಿತು.

ಹಸಿದ ಅಪ್ಪ

ಅಕ್ಕ, ಓದಿದ ತಕ್ಷಣ ಓಡಿಹೋಗಿ ನೋಡಿದೆ. ಪೂರ್ತಿ ಬೆಂದದ್ದು ಅಂತಲೇ ಬರೆದಿದೆ. ಉಸಿರು ಬಂತು.

ಬುಟ್ಟಿಯಲ್ಲಿ ಹಾಕುವುದು ಎಂಟೋ ಒಂಬತ್ತೋ, ಒಂದೇ ಸಾಲು. ಫ್ರೀಜರಿನಿಂದ ನೇರ. ಅರ್ಧಕ್ಕೆ ತಿರುಗಿಸುತ್ತೇನೆ. ಎಣ್ಣೆ ಹಾಕುವುದಿಲ್ಲ, ಹಾಕಬೇಕಾ?

ರಾತ್ರಿಪಾಳಿ

ಪ್ಯಾಕೆಟ್ಟಿನದಕ್ಕೆ ಎಣ್ಣೆ ಬೇಡ. ಅವರು ಮೊದಲೇ ಒಮ್ಮೆ ಕರಿದಿರುತ್ತಾರೆ, ಕೋಟಿಂಗ್‌ನಲ್ಲಿ ಎಣ್ಣೆ ಕುಳಿತಿರುತ್ತದೆ. ಬಿಸಿಗಾಳಿಗೆ ಅದೇ ಹೊರಬಂದು ಮೇಲ್ಮೈಯನ್ನು ಹುರಿಯುತ್ತದೆ. ಯಂತ್ರ ಮೊದಲೇ ಕಾಯಿಸುತ್ತೀರಾ? ಖಾಲಿ ಬುಟ್ಟಿ ಇಟ್ಟು ಮೂರು ನಾಲ್ಕು ನಿಮಿಷ ಓಡಿಸಿ ನೋಡಿ. ತಣ್ಣಗಿನ ಬುಟ್ಟಿಗೆ ಹಾಕಿದರೆ ಮೊದಲ ನಿಮಿಷಗಳಲ್ಲಿ ಮಂಜು ಕರಗಿ ಅಲ್ಲೇ ಕೂರುತ್ತದೆ.

ನಾನು ರಾತ್ರಿ ಎರಡಕ್ಕೆ ಮನೆಗೆ ಬಂದು ನಿಲುವಂಗಿ ತೆಗೆಯುವ ಮೊದಲು ಯಂತ್ರದ ಗುಂಡಿ ಒತ್ತುತ್ತೇನೆ. ಕೈಕಾಲು ತೊಳೆದು ಬರುವಷ್ಟರಲ್ಲಿ ಕಾದಿರುತ್ತದೆ.

ಬಾಣಲೆ ಬಿಡದವನು

ಪ್ರೀಹೀಟ್ ಮೂರು ನಿಮಿಷ, ಬೇಯಲು 10, ತಿರುಗಿಸಲು ಇಕ್ಕಳ, ಚುಚ್ಚಲು ಥರ್ಮಾಮೀಟರ್. ನನ್ನ ಎಣ್ಣೆ ಅಷ್ಟರಲ್ಲಿ ಕಾದು, ನಗೆಟ್ಸ್ ತಿಂದು, ತಟ್ಟೆಯೂ ತೊಳೆದಾಗಿರುತ್ತದೆ.

ಉಪ್ಪು ಖಾರ

ಬಾಣಲೆ ತೊಳೆದಿರುತ್ತೀರಾ? ಒಲೆಯ ಸುತ್ತ ಒರೆಸಿರುತ್ತೀರಾ?

ಬಾಣಲೆ ಬಿಡದವನು

ಅದು ಬೇರೆ ವಿಷಯ.

ಸ್ಕ್ರೂಡ್ರೈವರ್

ಇಷ್ಟು ಹೊತ್ತು ಸುಮ್ಮನೆ ಓದುತ್ತಿದ್ದೆ. ಮೂರು ಪ್ರಶ್ನೆ. ಒಂದು, ಫ್ಯಾನಿನ ಸದ್ದು ಮೊದಲಿನ ಹಾಗೇ ಇದೆಯಾ? ಎರಡು, ಬುಟ್ಟಿ ಎಳೆದಾಗ ಮುಖಕ್ಕೆ ಬಿಸಿ ಹೊಡೆಯುತ್ತದಾ? ಮೂರು, ಆನ್ ಮಾಡಿದ ಕೂಡಲೇ ಪರದೆಯಲ್ಲಿ ಮೊದಲು ಬರುವ ಅಂಕಿ ಯಾವುದು? ನೀವು ಇಡುವ ಅಂಕಿಯಲ್ಲ, ಅದಾಗಿಯೇ ಬರುವುದು.

ಹಸಿದ ಅಪ್ಪ

ಫ್ಯಾನು ಸರಿಯಾಗಿದೆ. ಬಿಸಿ ಇದೆ, ಆದರೆ ಮೊದಲಿನಷ್ಟು ಇಲ್ಲ. ಮೊದಲು ಕನ್ನಡಕ ಮಂಜಾಗುತ್ತಿತ್ತು, ಈಗ ಇಲ್ಲ.

ಅಂಕಿ 390 ಅಂತ ಬರುತ್ತದೆ. ನಾನು ಅದನ್ನು 200ಕ್ಕೆ ಇಳಿಸಿಕೊಳ್ಳುತ್ತೇನೆ. ಹಾಂ, ಮೊದಲೆಲ್ಲ ಇಳಿಸಬೇಕಾಗಿ ಬರುತ್ತಿರಲಿಲ್ಲ ಅನ್ನಿಸುತ್ತದೆ.

ಸ್ಕ್ರೂಡ್ರೈವರ್

ಅಲ್ಲೇ ಇದೆ ನೋಡಿ ಕಳ್ಳ.

ನಿಮ್ಮ ಯಂತ್ರ ಫ್ಯಾರನ್‌ಹೀಟ್‌ಗೆ ಹೋಗಿದೆ. 390 ಫ್ಯಾರನ್‌ಹೀಟ್ ಅಂದರೆ ಹತ್ತಿರಹತ್ತಿರ 200 ಸೆಲ್ಸಿಯಸ್. ನೀವು ಅದನ್ನು 200 ಫ್ಯಾರನ್‌ಹೀಟ್‌ಗೆ ಇಳಿಸುತ್ತಿದ್ದೀರಿ. ಅದು ಬರೀ 93 ಸೆಲ್ಸಿಯಸ್. ಎರಡು ವಾರದಿಂದ ನೀವು ನಗೆಟ್ಸ್ ಹುರಿಯುತ್ತಿಲ್ಲ, ಬೆಚ್ಚಗೆ ಹೊದಿಸಿ ಮಲಗಿಸುತ್ತಿದ್ದೀರಿ. ಮಗಳು ಹೇಳಿದ್ದು ಸರಿ.

ಅಂಕಿಯ ಪಕ್ಕದಲ್ಲಿ ಚಿಕ್ಕದಾಗಿ ಎಫ್ ಅಂತ ಇರುತ್ತದೆ, ನೋಡಿ. ಬಹಳ ಮಾದರಿಗಳಲ್ಲಿ ಶಾಖ ಏರಿಸುವ, ಇಳಿಸುವ ಎರಡು ಗುಂಡಿಗಳನ್ನು ಒಟ್ಟಿಗೆ ಕೆಲವು ಸೆಕೆಂಡ್ ಒತ್ತಿ ಹಿಡಿದರೆ ಬದಲಾಗುತ್ತದೆ. ನಿಮ್ಮದರಲ್ಲಿ ಬೇರೆ ಇರಬಹುದು, ಜೊತೆಗೆ ಬಂದ ಪುಸ್ತಕ ನೋಡಿ. ಮನೆಯಲ್ಲಿ ಗುಂಡಿ ಒತ್ತುವ ಹುಮ್ಮಸ್ಸಿನ ಚಿಕ್ಕ ಕೈ ಯಾವುದಾದರೂ ಇದೆಯಾ?

ಹಳೆ ಮೇಷ್ಟ್ರು

ಶಭಾಷ್. ನಾನು 100ರ ಮೆಟ್ಟಿಲು ಅಂತ ಉಪದೇಶ ಮಾಡಿದೆ, ಗಾಳಿಯೇ ಆ ಮೆಟ್ಟಿಲ ಕೆಳಗೆ ಕೂತಿತ್ತು. 93 ಡಿಗ್ರಿಯಲ್ಲಿ ಇಡೀ ಸಂಜೆ ಇಟ್ಟಿದ್ದರೂ ಹೊಂಬಣ್ಣ ಬರುತ್ತಿರಲಿಲ್ಲ.

ಉಪ್ಪು ಖಾರ

ಹಸಿ ಚಿಕನ್ ಇದ್ದ ಪ್ಯಾಕೆಟ್ ಆಗಿದ್ದರೆ ಏನು ಗತಿ ಅಂತ ಈಗಲೂ ಯೋಚಿಸುತ್ತಿದ್ದೇನೆ. ಹೊಸ ಪಾಕವಿಧಾನ ನೋಡಿ ಮಾಡುವವರು ಇದನ್ನು ಗಮನಿಸಿ. ಕೆಲವರು 400 ಅಂತ ಬರೆಯುತ್ತಾರೆ, ಕೆಲವರು 200 ಅಂತ. ಇಬ್ಬರೂ ಹೇಳುವುದು ಹೆಚ್ಚುಕಡಿಮೆ ಒಂದೇ ಬಿಸಿ.

ಹಸಿದ ಅಪ್ಪ

ಹೇಗೆ ಹೇಳಲಿ. ಎಫ್ ಅಂತ ಇದೆ. ಅಕ್ಕಿಕಾಳಿನಷ್ಟು ಚಿಕ್ಕದು.

ಮಗಳನ್ನು ಕರೆದು ಕೇಳಿದೆ. "ಎರಡೂ ಒಟ್ಟಿಗೆ ಒತ್ತಿದ್ರೆ ಟೀಂ ಅನ್ನುತ್ತೆ" ಅಂದಳು. ಟೀಂ ಅನ್ನಿಸುವುದು ಅವಳಿಗೆ ಆಟವಂತೆ. ಈಗ ಸರಿ ಮಾಡಿದೆ. ಮೂರು ನಿಮಿಷ ಕಾಯಿಸಿ, 200ರಲ್ಲಿ ಒಂಬತ್ತು ನಿಮಿಷ, ಐದಕ್ಕೆ ಒಮ್ಮೆ ತಿರುಗಿಸಿದೆ. ಕನ್ನಡಕ ಮಂಜಾಯಿತು! "ಈಗ ಎದ್ದಿದೆ" ಅಂತ ತೀರ್ಪೂ ಬಂತು.

ನಾನು ಯಂತ್ರವನ್ನು ವಾಪಸ್ ಕೊಡಲು ಡಬ್ಬ ಹುಡುಕಿ ಇಟ್ಟಿದ್ದೆ. ಹೆಂಡತಿಗೆ ಇನ್ನೂ ಕಾರಣ ಹೇಳಿಲ್ಲ.

ರಾತ್ರಿಪಾಳಿ

ಹೇಳಬೇಡಿ.

ಇದೇ ಎಳೆಯಲ್ಲಿ ನನ್ನದೊಂದು ತೊಂದರೆ. ಯಂತ್ರದಿಂದ ತೆಗೆಯುವಾಗ ಗರಿಗರಿ ಇರುತ್ತದೆ. ಕೆಲಸಕ್ಕೆ ಡಬ್ಬಿಯಲ್ಲಿ ಹಾಕಿಕೊಂಡು ಹೋದರೆ ಒಂದು ಗಂಟೆಯಲ್ಲಿ ಚಪ್ಪೆ. ದಪ್ಪ ಟಿಶ್ಯೂ ಹಾಸಿದೆ, ಪ್ರಯೋಜನ ಇಲ್ಲ.

ಗಾಳಿಗೆ ಬಿದ್ದವಳು

ಬಿಸಿ ಇರುವಾಗಲೇ ಮುಚ್ಚುತ್ತೀರಿ, ಅಲ್ವಾ? ಒಳಗಿನ ಮಾಂಸದಿಂದ ಹಬೆ ಬರುತ್ತಲೇ ಇರುತ್ತದೆ. ಮುಚ್ಚಳಕ್ಕೆ ಬಡಿದು ನೀರಾಗಿ ಕೋಟಿಂಗ್ ಮೇಲೇ ಬೀಳುತ್ತದೆ. ತಂತಿ ಜಾಲರಿಯ ಮೇಲೆ ಹರಡಿ ಪೂರ್ತಿ ಆರಲು ಬಿಡಿ. ತಟ್ಟೆಯಲ್ಲಿ ಹರಡಿದರೆ ಅಡಿಭಾಗ ಬೆವರುತ್ತದೆ. ಆರಿದ ಮೇಲೆ ಹಾಕಿ, ಮುಚ್ಚಳ ಒಂಚೂರು ಸಡಿಲ ಇರಲಿ.

ಉಪ್ಪು ಖಾರ

ಆರಲು ಬಿಡಿ ಅಂದರೆ ಅರ್ಧ ಗಂಟೆ, ಹೆಚ್ಚೆಂದರೆ ಮುಕ್ಕಾಲು. ಬೆಂದ ಚಿಕನ್ ಹೊರಗೆ ಎರಡು ಗಂಟೆಗಿಂತ ಜಾಸ್ತಿ ಇರಬಾರದು. ಅಲ್ಲಿಗೆ ಹೋದ ಕೂಡಲೇ ಫ್ರಿಜ್ಜಿಗೆ ಹಾಕಿ. ಗರಿಗರಿ ಹೋಗುತ್ತದೆ, ಹೊಟ್ಟೆ ಉಳಿಯುತ್ತದೆ. ತಿನ್ನುವ ಮುಂಚೆ ಮತ್ತೆ ಬಿಸಿ ಮಾಡುವ ದಾರಿ ಅಲ್ಲಿ ಏನಿದೆ?

ರಾತ್ರಿಪಾಳಿ

ಮೈಕ್ರೋವೇವ್ ಮಾತ್ರ.

ಉಪ್ಪು ಖಾರ

ಹಾಗಾದರೆ ಗರಿಗರಿಯ ಆಸೆ ಬಿಡಿ. ಮೈಕ್ರೋವೇವ್ ಒಳಗಿನ ನೀರನ್ನೇ ಕುದಿಸಿ ಹೊರಗೆ ತಳ್ಳುತ್ತದೆ, ಕೋಟಿಂಗ್ ಮೆತ್ತಗಾಗದೆ ಇನ್ನೇನಾದೀತು. ಮನೆಯಲ್ಲಾದರೆ 180ರಲ್ಲಿ ನಾಲ್ಕು ನಿಮಿಷ ಏರ್ ಫ್ರೈಯರ್‌ನಲ್ಲಿ ಇಡಿ, ಹೊಸದರ ಹಾಗೆ ಆಗುತ್ತದೆ.

ಗಾಳಿಗೆ ಬಿದ್ದವಳು

ಉಪ್ಪು ಖಾರ ಅಕ್ಕ, ಮನೆಯಲ್ಲೇ ನಗೆಟ್ಸ್ ಮಾಡುವುದನ್ನೂ ಹೇಳಿಬಿಡಿ. ಮೂರು ಸಲ ಸೋತಿದ್ದೇನೆ. ಮೊದಲ ಸಲ ಮೊಟ್ಟೆ ಮೈದಾ ಕಲಸಿದ ಹಿಟ್ಟಿನಲ್ಲಿ ಅದ್ದಿ ನೇರ ಬುಟ್ಟಿಗೆ ಹಾಕಿದೆ. ಹಿಟ್ಟು ತೂತುಗಳಲ್ಲಿ ಇಳಿದು ಅಡಿಯಲ್ಲಿ ಸುಟ್ಟು ಅಂಟಿತು. ಎರಡನೇ ಸಲ ಬ್ರೆಡ್ ಪುಡಿ ಹಾಕಿದೆ, ಮರಳಿನ ಬಣ್ಣದಲ್ಲೇ ಉಳಿಯಿತು, ತಿಂದರೆ ಮರಳೇ. ಮೂರನೇ ಸಲ ಬೇಕಿಂಗ್ ಪೇಪರ್ ಹಾಸಿ ಪ್ರೀಹೀಟ್ ಮಾಡಿದೆ. ಕಾಗದ ಹಾರಿ ಮೇಲಿನ ಸುರುಳಿಗೆ ತಾಗಿ ಹೊಗೆ ಬಂತು. ಆ ದಿನ ಹಸಿದೇ ಮಲಗಿದೆವು.

ಸ್ಕ್ರೂಡ್ರೈವರ್

ಕಾಗದ ಹಾಸುವುದಾದರೆ ಮೇಲೆ ತಿಂಡಿಯ ಭಾರ ಇರಬೇಕು. ಪ್ರೀಹೀಟ್‌ನಲ್ಲಿ ಖಾಲಿ ಕಾಗದ ಬೇಡವೇ ಬೇಡ. ನಗೆಟ್ಸ್‌ಗೆ ಕಾಗದವೇ ಬೇಡ ಅನ್ನುವುದು ನನ್ನ ವಾದ. ಅಡಿಯಿಂದ ಗಾಳಿ ಬರಲಿ ಅಂತಲೇ ಬುಟ್ಟಿಗೆ ತೂತು ಕೊಟ್ಟಿದ್ದಾರೆ.

ಉಪ್ಪು ಖಾರ

ಸರಿ, ನಾನು ಮಾಡುವ ರೀತಿ ಹೇಳುತ್ತೇನೆ. ಅರ್ಧ ಕೆಜಿ ಮೂಳೆಯಿಲ್ಲದ ಚಿಕನ್. ಎದೆ ಮಾಂಸ ಬೇಗ ಒಣಗುತ್ತದೆ, ತೊಡೆಯದ್ದು ತಪ್ಪು ಮಾಡಿದರೂ ರಸ ಬಿಡುವುದಿಲ್ಲ. ಹೊಸದಾಗಿ ಕಲಿಯುವವರಿಗೆ ತೊಡೆಯೇ ಸರಿ. ಎರಡೂವರೆ ಮೂರು ಸೆಂಟಿಮೀಟರ್ ತುಂಡು. ಎಲ್ಲ ಒಂದೇ ಅಳತೆ ಇರಲಿ, ಇಲ್ಲದಿದ್ದರೆ ಚಿಕ್ಕದು ಮರವಾಗುವಾಗ ದೊಡ್ಡದು ಇನ್ನೂ ಹಸಿ. ನಲ್ಲಿ ಕೆಳಗೆ ತೊಳೆಯಬೇಡಿ, ಆ ನೀರು ಸಿಂಕಿನ ಸುತ್ತ ಸಿಡಿದು ಸೂಕ್ಷ್ಮಾಣು ಹರಡುತ್ತದೆ. ಒಂದು ಚಮಚ ಉಪ್ಪು ಸವರಿ ಅರ್ಧ ಗಂಟೆ ಫ್ರಿಜ್ಜಿನಲ್ಲಿಡಿ. ನಾನು ಚಮಚ ಅಂದರೆ ಚಿಕ್ಕ ಚಮಚ.

ಈಗ ಬ್ರೆಡ್ ಪುಡಿ. ನಿಮ್ಮ ಮರಳಿನ ಗುಟ್ಟು ಇಲ್ಲಿದೆ. ಎಣ್ಣೆ ಮುಟ್ಟದ ಪುಡಿ ಬಿಸಿಗಾಳಿಯಲ್ಲಿ ಒಣಗುತ್ತದೆಯೇ ಹೊರತು ಹುರಿದ ಹಾಗೆ ಆಗುವುದಿಲ್ಲ. ಹಾಗಾಗಿ ಮೊದಲೇ ಹುರಿದುಬಿಡಿ. ಒಂದು ಬಟ್ಟಲು ದಪ್ಪ ಪುಡಿಗೆ, ಪಾಂಕೊ ಅನ್ನುವ ಜಪಾನಿ ಬ್ರೆಡ್ ಪುಡಿ ಸಿಕ್ಕಿದರೆ ಇನ್ನೂ ಒಳ್ಳೆಯದು, ಒಂದು ದೊಡ್ಡ ಚಮಚ ಎಣ್ಣೆ ಕಲಸಿ ಸಣ್ಣ ಉರಿಯಲ್ಲಿ ತಿಳಿ ಹೊನ್ನಿನ ಬಣ್ಣ ಬರುವ ತನಕ ಕೈಯಾಡಿಸಿ. ಕಡು ಬಣ್ಣ ಬೇಡ, ಯಂತ್ರದಲ್ಲಿ ಇನ್ನೂ ಏರುತ್ತದೆ.

ಮೂರು ತಟ್ಟೆ. ಒಂದರಲ್ಲಿ ಮೈದಾ ಮತ್ತು ಕಾರ್ನ್‌ಫ್ಲೋರ್ ಸಮಸಮ, ಮೆಣಸು, ಬೆಳ್ಳುಳ್ಳಿ ಪುಡಿ. ಎರಡನೆಯದರಲ್ಲಿ ಒಡೆದ ಮೊಟ್ಟೆ. ಮೂರನೆಯದರಲ್ಲಿ ಆ ಹುರಿದ ಪುಡಿ. ಚಿಕನ್ ತುಂಡನ್ನು ಟಿಶ್ಯೂವಿನಲ್ಲಿ ಒತ್ತಿ ಒಣಗಿಸಿ, ಇದೊಂದನ್ನು ಮಾಡದಿದ್ದರೆ ಉಳಿದದ್ದೆಲ್ಲ ದಂಡ. ಒಣ ಹಿಟ್ಟು, ಕೊಡವಿ, ಮೊಟ್ಟೆ, ಸೋರಲು ಬಿಟ್ಟು, ಪುಡಿ, ಅಂಗೈಯಲ್ಲಿ ಮೆಲ್ಲಗೆ ಒತ್ತಿ. ಒಂದು ಕೈ ಒದ್ದೆಗೆ, ಒಂದು ಕೈ ಒಣಕ್ಕೆ. ಇಲ್ಲದಿದ್ದರೆ ಬೆರಳುಗಳೇ ನಗೆಟ್ಸ್ ಆಗುತ್ತವೆ. ಆಮೇಲೆ 15 ನಿಮಿಷ ಫ್ರಿಜ್ಜಿನಲ್ಲಿ ಹಾಗೇ ಬಿಡಿ, ಕೋಟಿಂಗ್ ಹಿಡಿದುಕೊಳ್ಳುತ್ತದೆ.

200ರಲ್ಲಿ 10 ನಿಮಿಷ, ಆರಕ್ಕೆ ತಿರುಗಿಸಿ. ಮೊದಲ ನಾಲ್ಕು ನಿಮಿಷ ಮುಟ್ಟಲೇಬೇಡಿ, ಮುಟ್ಟಿದರೆ ಕೋಟಿಂಗ್ ಬುಟ್ಟಿಗೇ ಅಂಟಿ ಉಳಿಯುತ್ತದೆ. 74 ಬಂತಾ ನೋಡಿ, ತೆಗೆಯಿರಿ.

ಗಾಳಿಗೆ ಬಿದ್ದವಳು

ಹಿಟ್ಟಿಗೆ ಚಿಟಿಕೆ ಬೇಕಿಂಗ್ ಪೌಡರ್ ಹಾಕಿದರೆ ಜಾಸ್ತಿ ಗರಿಗರಿ ಅಂತ ಕೇಳಿದ್ದೇನೆ?

ಹಳೆ ಮೇಷ್ಟ್ರು

ಹಾಕಬಹುದು. ಸಣ್ಣ ಗುಳ್ಳೆ ಏಳುತ್ತದೆ, ಬಣ್ಣವೂ ಬೇಗ ಬರುತ್ತದೆ. ಅರ್ಧ ಚಿಕ್ಕ ಚಮಚ ದಾಟಿದರೆ ನಾಲಿಗೆಗೆ ಲೋಹದ ರುಚಿ. ಇದೇ ಅಂತ ತಿಳಿದು ಬೇಕಿಂಗ್ ಸೋಡಾ ಹಾಕಬೇಡಿ, ಅದರ ರುಚಿ ಇನ್ನೂ ಕಟು.

ಕೋಟಿಂಗ್ ಉದುರುವ ಕಷ್ಟ ನಿಮ್ಮದೊಬ್ಬರದೇ ಅಲ್ಲ. ಅಮೆರಿಕದ ಕಾರ್ನೆಲ್ ವಿಶ್ವವಿದ್ಯಾಲಯದಲ್ಲಿ ರಾಬರ್ಟ್ ಬೇಕರ್ ಅಂತ ಆಹಾರ ವಿಜ್ಞಾನಿ ಇದ್ದರು. 1960ರ ದಶಕದ ಆರಂಭದಲ್ಲಿ ನಗೆಟ್ಸ್‌ನ ಅಜ್ಜನಂತಹ ಚಿಕನ್ ಕಡ್ಡಿಗಳನ್ನು ಮಾಡಿದ್ದು ಅವರ ತಂಡ. ಅವರ ಮುಂದೆ ಇದ್ದದ್ದು ಎರಡೇ ತಲೆನೋವು. ಚರ್ಮವಿಲ್ಲದ ಕೊಚ್ಚಿದ ಮಾಂಸ ಒಟ್ಟಿಗೆ ನಿಲ್ಲಬೇಕು. ಹೆಪ್ಪುಗಟ್ಟಿಸಿ ಆಮೇಲೆ ಕರಿದರೂ ಮೇಲಿನ ಕೋಟಿಂಗ್ ಕಳಚಬಾರದು. ಮಾಂಸಕ್ಕೆ ಉಪ್ಪು, ವಿನೆಗರ್ ಸೇರಿಸಿ ಅರೆದರು. ಉಪ್ಪಿಗೆ ಮಾಂಸದ ಪ್ರೋಟೀನ್ ಹೊರಬಂದು ಅಂಟಾಗುತ್ತದೆ. ಕೊಚ್ಚಿದ ಚಿಕನ್‌ನಲ್ಲಿ ಮಾಡುವವರು ಉಪ್ಪು ಹಾಕಿ ಕೈಗೆ ಅಂಟುವ ತನಕ ನಾದಿ ನೋಡಿ, ಮೊಟ್ಟೆಯೇ ಬೇಡ. ಪೇಟೆಂಟ್ ಮಾಡಿಸದೆ ಎಲ್ಲವನ್ನೂ ಪ್ರಕಟಿಸಿ ಹಂಚಿಬಿಟ್ಟರು ಆ ಮನುಷ್ಯ. ಮೆಕ್‌ಡೊನಾಲ್ಡ್ಸ್‌ನವರ ಮೆಕ್‌ನಗೆಟ್ಸ್ ಅಮೆರಿಕದಾದ್ಯಂತ ಬಂದದ್ದು 1983ರಲ್ಲಿ.

ರಾತ್ರಿಪಾಳಿ

ಎಣ್ಣೆ ಸ್ಪ್ರೇ ಬಗ್ಗೆ ಒಂದು ಮಾತು. ಒತ್ತಿದರೆ ಬುಸ್ ಅನ್ನುವ ಹಲವು ಡಬ್ಬಿ ಸ್ಪ್ರೇಗಳಲ್ಲಿ ಲೆಸಿಥಿನ್ ಅನ್ನುವ, ಎಣ್ಣೆ ಬೆರೆಸಿಡುವ ಪದಾರ್ಥ ಇರುತ್ತದೆ. ಅದು ನಾನ್‌ಸ್ಟಿಕ್ ಬುಟ್ಟಿಯ ಮೇಲೆ ಅಂಟಂಟಾಗಿ ಕೂತು ಹೋಗುವುದೇ ಇಲ್ಲ. ನನ್ನ ಬುಟ್ಟಿ ಹಾಳಾಗಿದ್ದು ಹಾಗೆ. ಖಾಲಿ ಸ್ಪ್ರೇ ಬಾಟಲಿಗೆ ಸಾದಾ ಎಣ್ಣೆ ತುಂಬಿಸಿಕೊಳ್ಳಿ, ಅಥವಾ ಬ್ರಷ್ ಸಾಕು.

ಗಾಳಿಗೆ ಬಿದ್ದವಳು

ಮಾಡಿದೆ! ಪುಡಿ ಮೊದಲೇ ಹುರಿದದ್ದಕ್ಕೆ ಇಷ್ಟು ವ್ಯತ್ಯಾಸ ಬರುತ್ತದೆ ಅಂತ ಅಂದುಕೊಂಡಿರಲಿಲ್ಲ. ಎರಡು ತುಂಡು ಬೋಳಾದವು, ಅವು ನಾನು ಅವಸರಕ್ಕೆ ಒರೆಸದೆ ಬಿಟ್ಟವು. ಎರಡನೇ ಸರದಿ ಮೊದಲನೆಯದಕ್ಕಿಂತ ಬೇಗ ಆಗುತ್ತದೆ, ಯಂತ್ರ ಕಾದಿರುತ್ತದಲ್ಲ, ಎಂಟು ನಿಮಿಷಕ್ಕೇ ನೋಡಿ. ನಾನು ನೋಡಲಿಲ್ಲ, ನಾಲ್ಕು ಕಪ್ಪಾದವು.

ಬಾಣಲೆ ಬಿಡದವನು

ಯಾರೂ ಕೇಳಲಿಲ್ಲ, ಆದರೂ ಹೇಳುತ್ತೇನೆ. ತಮ್ಮನ ಮನೆಯಲ್ಲಿ ನಿನ್ನೆ ಈ ಡಬ್ಬದಲ್ಲಿ ಮಾಡಿದ್ದು ತಿಂದೆ. ಪ್ಯಾಕೆಟ್ಟಿನದು. ಪರವಾಗಿಲ್ಲ. ಮನೆಯಲ್ಲಿ ಕಲಸಿ ಮಾಡುವುದಕ್ಕೆ ಈಗಲೂ ನನ್ನದು ಬಾಣಲೆಯೇ. ಒದ್ದೆ ಹಿಟ್ಟಿನಲ್ಲಿ ಅದ್ದಿ ಬಿಡುವ ಸುಖ ನಿಮ್ಮ ಗಾಳಿಗೆ ಬರುವುದಿಲ್ಲ.

ಉಪ್ಪು ಖಾರ

ಅದನ್ನು ನಾನೂ ಒಪ್ಪುತ್ತೇನೆ.

ಹಸಿದ ಅಪ್ಪ

ಪರದೆಯ ಪಕ್ಕ ಕೆಂಪು ಟೇಪ್ ಅಂಟಿಸಿ "ಸಿ ಇದೆಯಾ ನೋಡು" ಅಂತ ಬರೆದಿದ್ದೇನೆ. ಹೆಂಡತಿ ಅದೇನು ಅಂತ ಕೇಳಿದಳು. ಎಲ್ಲ ಹೇಳಬೇಕಾಯಿತು. ಈಗ ನಾನು ಏನು ಬೇಯಿಸಲು ಹೋದರೂ ಒಳಗಿನಿಂದ ಇಬ್ಬರೂ ಒಟ್ಟಿಗೆ "ಸಿ ಇದೆಯಾ?" ಅಂತ ಕೂಗುತ್ತಾರೆ. ಟೀಗೆ ನೀರು ಇಟ್ಟರೂ ಕೂಗುತ್ತಾರೆ.

ರಾತ್ರಿಪಾಳಿ

ಹೇಳಬೇಡಿ ಅಂದಿದ್ದೆ.